ಚೆಪ್ಪು ಅನ್ನೋ ಮಾತು

ತೆಲುಗಿನಲ್ಲಿ ಚೆಪ್ಪು ಅಂದ್ರೆ ಚಪ್ಪಲಿ. ಚೆಪ್ಪು ಅಂದ್ರೆ ಹೇಳು ಅಂತಾನೂ ಹೌದು. ಎರಡಕ್ಕೂ ಅದೇ ಅಕ್ಷರ, ಅದೇ ಬಾಯಿ. ಅಲ್ಲೇ ಹುಟ್ಟಿ ಬೆಳೆದೋರಿಗೆ ಇದ್ರಿಂದ ಏನೂ ತೊಂದ್ರೆ ಇಲ್ಲ. ಹತ್ತು ಅಂದ್ರೆ ಮರ ಹತ್ತೋದಾ, ಒಂಬತ್ತಾದ್ಮೇಲೆ ಬರೋ ಹತ್ತಾ ಅಂತ ನಾವೇನು ಯೋಚನೆ ಮಾಡ್ಕೊಂಡು ನಿಲ್ತೀವಾ? ಹಾಗೇ. ಆದ್ರೆ ಈ ಒಂದು ಮಾತಿನಿಂದ ಒಬ್ಬ ಹುಡುಗಿ ಕೆಲಸ ಹೋಗೋದ್ರಲ್ಲಿತ್ತು. ಅವತ್ತು ನಾನು ಅಲ್ಲೇ ಇದ್ದೆ.

ಇದು ಈಗ ನೆನಪಾಗೋಕೆ ಕಾರಣ ನನ್ನ ಮೊಮ್ಮಗಳು. ನಾನೀಗ ವೈಜಾಗ್‌ನಲ್ಲಿ ಮಗಳ ಮನೇಲಿದ್ದೀನಿ. ಮೊಮ್ಮಗಳು ಇಲ್ಲೇ ಒಂದು ಔಷಧಿ ಕಂಪೆನೀಲಿ ಎಚ್.ಆರ್. ಒಂದು ಭಾನುವಾರ ಲ್ಯಾಪ್‌ಟಾಪ್ ಮುಂದೆ ಕೂತು ಬಣ್ಣಬಣ್ಣದ ಮನುಷ್ಯರ ಚಿತ್ರ ಜೋಡಿಸ್ತಿದ್ಲು. ವೀಲ್‌ಚೇರಿನೋನು ಒಬ್ಬ, ಸೀರೆಯೋಳು ಒಬ್ಳು, ಕೋಲು ಹಿಡ್ಕೊಂಡೋನು ಇನ್ನೊಬ್ಬ.

"ಏನೇ ಇದು, ಇಲ್ಲಿಯೋರ ತರ ಸಂಕ್ರಾಂತಿಗೆ ಗೊಂಬೆ ಕೂರಿಸ್ತಿದ್ದೀಯಾ?" ಅಂದೆ.

"ಡೈವರ್ಸಿಟಿ ಅಂಡ್ ಇನ್‌ಕ್ಲೂಷನ್, ಅಮ್ಮಮ್ಮಾ."

"ಹಂಗಂದ್ರೆ?"

"ಎಲ್ಲಾ ತರದ ಜನಾನೂ ಕೆಲಸಕ್ಕೆ ಸೇರಿಸ್ಕೊಳ್ಳೋದು."

"ಸೇರಿಸ್ಕೊಂಡ್ಮೇಲೆ?"

"ಸೇರಿಸ್ಕೊಂಡ್ಮೇಲೆ ಏನು, ಫೋಟೋ ತೆಗೀತೀವಿ" ಅಂದು ತಾನೇ ನಕ್ಲು.

ಫೋನಲ್ಲಿ ಕನ್ನಡ ಟೈಪ್ ಮಾಡೋದು ಕಲಿಸಿದ್ದೂ ಇವಳೇ. ಅವಳಿಗೆ ಕನ್ನಡ ಮಾತಾಡೋಕೆ ಬರುತ್ತೆ, ಓದೋಕೆ ಬರಲ್ಲ. ಅಂದ್ರೆ ನಾನಿಲ್ಲಿ ಏನು ಬರೆದ್ರೂ ತಿದ್ದೋರಿಲ್ಲ. ಫೋನು ಮಾತ್ರ ತಿದ್ದುತ್ತೆ. ಚಪ್ಪಲಿ ಅಂತ ಹೊಡೆದ್ರೆ ಚಪಾತಿ ಅಂತ ಮಾಡ್ಕೊಳ್ಳುತ್ತೆ. ಮುಂದೆ ಎಲ್ಲಾದ್ರೂ ಯಾರಾದ್ರೂ ಕಾಲಿಗೆ ಚಪಾತಿ ಹಾಕ್ಕೊಂಡಿದ್ರೆ ನನ್ನ ಬೈಬೇಡಿ.

ನಮ್ಮೂರು ತಿಪಟೂರಿನ ಹತ್ರ. ಅಪ್ಪಂದು ಕೊಬ್ಬರಿ ವ್ಯಾಪಾರ. ವಿಜಯವಾಡದ ಒನ್ ಟೌನ್‌ನಲ್ಲಿದ್ದ ಸಗಟು ಅಂಗಡಿಯೋರಿಗೆ ನಮ್ಮ ಕೊಬ್ಬರಿ ಲಾರೀಲಿ ಹೋಗ್ತಿತ್ತು. ಒಂದ್ಸಲ ಅದ್ರ ಹಿಂದೇನೇ ನಾನೂ ಹೋದೆ ಅನ್ಕೊಳ್ಳಿ, ಆ ಅಂಗಡಿಯೋರ ಮನೆ ಸೊಸೆಯಾಗಿ. ಅಣ್ಣತಮ್ಮಂದಿರು ಪಾಲಾದಾಗ ಅಂಗಡಿ ಬೇರೆಯೋರಿಗೆ ಹೋಯ್ತು. ನಮ್ಮನೆಯೋರ ಪಾಲಿಗೆ ಮಹಡಿ ಮೇಲಿನ ರೂಮು ಬಂತು, ಜೊತೆಗೆ ಉಬ್ಬಸ. ಕೂತು ತಿನ್ನೋ ಹಾಗಿರ್ಲಿಲ್ಲ. ನನಗೆ ಹೊಲಿಗೆ ಮೆಷಿನ್ ತುಳಿಯೋದು ಗೊತ್ತಿತ್ತು. ಕೊಂಡಪಲ್ಲಿ ಕಡೆ ಹೆಂಗಸರ ಚಪ್ಪಲಿ ಮಾಡೋ ಫ್ಯಾಕ್ಟರಿ ಒಂದಿತ್ತು, ಸೇರ್ಕೊಂಡೆ.

ವಾರಗಿತ್ತಿ ಮೆಟ್ಟಿಲ ಮೇಲೆ ನಿಂತು, "ಕೊಬ್ಬರಿ ಮನೆ ಸೊಸೆ ಚಪ್ಪಲಿ ಹೊಲಿಯೋದಾ?" ಅಂದ್ಲು.

"ಕೊಬ್ಬರಿ ಮೆಟ್ಕೊಂಡು ನಡೆಯೋಕಾಗಲ್ವಲ್ಲ ಅಕ್ಕಾ" ಅಂದೆ.

ಹೊಲಿಯೋಳಾಗಿ ಸೇರಿದೋಳು ಕೊನೆಗೆ ಹೊಸಬರಿಗೆ ಕಲಿಸೋಳಾದೆ. ಎಲ್ರೂ ಪೆದ್ದಮ್ಮ ಅಂತಿದ್ರು, ದೊಡ್ಡಮ್ಮ ಅಂತ. ನಮ್ಮ ಲೈನಲ್ಲಿ ಎಲ್ಲೆಲ್ಲಿಂದ ಬಂದೋರಿದ್ರು. ಶ್ರೀಕಾಕುಳಂ ಕಡೆಯೋರು, ಬುರ್ಖಾ ಮಡಚಿ ಬ್ಯಾಗಿಗೆ ಹಾಕಿ ಮೆಷಿನ್‌ಗೆ ಕೂರ್ತಿದ್ದೋರು, ಭಾನುವಾರ ಚರ್ಚಿಗೆ ಹೋಗೋರು, ಗಂಡ ಬಿಟ್ಟೋರು, ಗಂಡನ್ನ ಬಿಟ್ಟೋರು. ಕೆಲಸ ಎಲ್ರಿಗೂ ಬೇಕಿತ್ತು, ಕೆಲಸದ ಹೆಸರು ಯಾರಿಗೂ ಬೇಡವಾಗಿತ್ತು. ಹೆಣ್ಣು ನೋಡೋಕೆ ಬಂದೋರು ಕೇಳಿದ್ರೆ ಹುಡುಗೀರು "ಎಕ್ಸ್‌ಪೋರ್ಟ್ ಕಂಪೆನಿ" ಅಂತಿದ್ರೇ ಹೊರತು ಚಪ್ಪಲಿ ಅಂತ ಬಾಯಿಬಿಡ್ತಿರ್ಲಿಲ್ಲ.

ಬಾಯಿಬಿಟ್ಟು ಹೇಳ್ತಿದ್ದೋಳು ಒಬ್ಳೇ, ನಮ್ಮ ಸೂಪರ್‌ವೈಸರಮ್ಮ. ಅವ್ಳ ಅಪ್ಪ, ತಾತ ಎಲ್ಲ ಊರ ಹೊರಗಿನ ಕೇರೀಲಿ ಕೂತು ಚರ್ಮ ಹೊಲಿದೋರು. ಆ ಕೇರಿಯಿಂದ ಬಂದು ನಮ್ಮ ಫ್ಯಾಕ್ಟರೀಲಿ ಸೂಪರ್‌ವೈಸರ್ ಆದ ಮೊದಲ್ನೇ ಹೆಂಗಸು ಅವ್ಳು. ಕೆಲಸದಲ್ಲಿ ಗಟ್ಟಿಗಿತ್ತಿ, ಬಾಯೂ ಜೋರು. ಮುಂದೆ ಎಲ್ರೂ "ಮೇಡಮ್, ಮೇಡಮ್" ಅಂತಿದ್ರು. ಅವ್ಳು ಆ ಕಡೆ ತಿರುಗಿದ್ರೆ ಕೆಲವರು ಅವ್ಳ ಜಾತಿ ಹಿಡಿದು ಪಿಸುಗುಡ್ತಿದ್ರು. ಬೇಸಿಗೇಲಿ ಎಲ್ರ ಬಾಟ್ಲಿ ನೀರು ಎಲ್ರೂ ಕುಡಿಯೋರು. ಅವ್ಳ ಬಾಟ್ಲಿ ಮಾತ್ರ ಮೇಜಿನ ಮೇಲೆ ತುಂಬಿದ್ದು ತುಂಬಿದ ಹಾಗೇ ಇರ್ತಿತ್ತು. ಅವ್ಳು ಅದನ್ನ ನೋಡ್ತಿದ್ಲು.

ಆ ಲೈನಿಗೆ ಒಬ್ಬ ಕಿವಿ ಕೇಳದ ಹುಡುಗಿ ಬಂದ್ಲು. ಹುಟ್ಟಿದಾಗಿನಿಂದ್ಲೇ ಕೇಳಲ್ಲ, ಮಾತೂ ಇಲ್ಲ. ಇಪ್ಪತ್ತರ ಆಚೆ ಈಚೆ ವಯಸ್ಸು. ಸ್ಕೂಲಿನ ಮುಖ ನೋಡಿದೋಳಲ್ಲ. ಅಮ್ಮನ ತುಟಿ ನೋಡಿ ನೋಡಿ ಅನ್ನ, ನೀರು, ಬಾ, ಹೋಗು, ಇಂಥ ಒಂದಷ್ಟು ಮಾತು ಹಿಡಿಯೋಳು. ನಾನೇ ಅವಳಿಗೆ ಮೆಷಿನ್ ಕಲಿಸಿದ್ದು. ಅವ್ಳ ಕೈ ಮೇಲೆ ನನ್ನ ಕೈ ಇಟ್ಟು ಚಪ್ಪಲಿ ಪಟ್ಟಿ ತಿರುಗಿಸೋದು ತೋರಿಸ್ದೆ. ಬೇಗ ಕಲಿತ್ಲು. ಹೊರದೇಶದ ಗಿರಾಕಿಗಳು ಬರ್ತಾರೆ ಅಂತ ಮ್ಯಾನೇಜರ್ ಸಾರ್ ಅವ್ಳ ಫೋಟೋ ತೆಗೆಸಿ ಗೇಟಿನ ಹತ್ರ ಹಾಕ್ಸಿದ್ರು. ಆದ್ರೆ ಕೆಲಸ ಇನ್ನೂ ಪರ್ಮನೆಂಟ್ ಆಗಿರ್ಲಿಲ್ಲ, ತರಬೇತಿ ಅಂತಾನೇ ಇತ್ತು.

ಸೂಜಿ ಮುರಿದಿದ್ದು ಆಗ.

ಚಪ್ಪಲಿ ಫ್ಯಾಕ್ಟರೀಲಿ ಸೂಜಿ ಮುರಿದ್ರೆ ಸಣ್ಣ ವಿಷಯ ಅಲ್ಲ. ಎಲ್ಲಾ ಚೂರೂ ಸಿಗಬೇಕು. ಒಂದು ಚೂರು ಪಟ್ಟಿಯೊಳಗೆ ಉಳ್ಕೊಂಡ್ರೂ ಎಲ್ಲೋ ಯಾರದ್ದೋ ಕಾಲಿಗೆ ಚುಚ್ಚುತ್ತೆ. ಚೂರು ಸಿಗೋವರ್ಗೂ ಲೈನ್ ನಿಂತೇ ಇರುತ್ತೆ. ಅವತ್ತು ಮುರಿದಿದ್ದು ಆ ಹುಡುಗಿ ಮೆಷಿನ್ನಿಂದು. ತುದಿ ಚೂರು ಕಾಣಿಸ್ಲಿಲ್ಲ. ಮೆಷಿನ್ನೆಲ್ಲ ನಿಂತು ಶೆಡ್ಡು ಒಂದೇ ಸಲ ತಣ್ಣಗಾಯ್ತು. ಸೂಪರ್‌ವೈಸರಮ್ಮ ಅವ್ಳ ಮುಂದೆ ಹೋಗಿ ನಿಂತು, "ಹೆಂಗೆ ಮುರೀತು? ಚೆಪ್ಪು" ಅಂದ್ಲು. ಹುಡುಗಿ ಅವ್ಳ ತುಟೀನೇ ನೋಡಿದ್ಲು. "ಚೆಪ್ಪು! ಚೆಪ್ಪವೇ!"

ಹುಡುಗಿ ಮೇಜಿನ ಮೇಲಿದ್ದ ಮುಗಿದ ಚಪ್ಪಲಿ ಒಂದನ್ನ ಎತ್ತಿ ಸೂಪರ್‌ವೈಸರಮ್ಮನ ಮುಖದ ಮುಂದೆ ಹಿಡಿದ್ಲು.

ಹಿಂದೆ ಯಾರೋ ಕಿಸಕ್ ಅಂದ್ರು. ಅಷ್ಟೇ ಸದ್ದು. ಸೂಪರ್‌ವೈಸರಮ್ಮ ತಿರುಗಿ ನೇರ ಮ್ಯಾನೇಜರ್ ರೂಮಿಗೆ ಹೋದ್ಲು. ಸೂಜಿ ಚೂರು ಆಮೇಲೆ ಕಸದ ಬುಟ್ಟೀಲಿ ಸಿಕ್ತು. ಅಷ್ಟು ಹೊತ್ತಿಗೆ ಅದು ಯಾರಿಗೂ ಬೇಕಾಗಿರ್ಲಿಲ್ಲ.

ಊಟದ ಹೊತ್ತಲ್ಲಿ ಕೈ ತೊಳೆಯೋ ನಲ್ಲಿ ಹತ್ರ ಸೂಪರ್‌ವೈಸರಮ್ಮ ಸಿಕ್ಲು. ಡಬ್ಬಿ ಬಿಚ್ಚಿರ್ಲಿಲ್ಲ.

"ಬಿಡೇ, ಅದಕ್ಕೇನು ಗೊತ್ತಾಗುತ್ತೆ, ಮಗು ತರ" ಅಂದೆ.

"ಅದಕ್ಕೆ ಗೊತ್ತಿಲ್ಲ ಅಂತ ನನಗೂ ಗೊತ್ತು ಪೆದ್ದಮ್ಮಾ. ಗೊತ್ತಿದ್ದೋರು ಹೇಳ್ಕೊಟ್ಟಿದ್ದಾರೆ. ನಗು ಕೇಳಿಸ್ಲಿಲ್ವಾ ನಿಮಗೆ?"

ನಲ್ಲಿ ನೀರು ಹೋಗ್ತಾನೇ ಇತ್ತು, ಅವ್ಳೇ ನಿಲ್ಲಿಸಿದ್ಲು.

"ಊರಲ್ಲಿ ಎಲ್ರ ಕಾಲಲ್ಲೂ ನಮ್ಮಪ್ಪ ಹೊಲಿದ ಚಪ್ಪಲೀನೇ ಇತ್ತು. ಅಪ್ಪಂದು ಮಾತ್ರ ಕೈಲಿರ್ತಿತ್ತು, ದೊಡ್ಡೋರ ಬೀದಿ ದಾಟೋವರ್ಗೂ. ಒಂದಿನ ಏನೋ ಯೋಚನೇಲಿ ಹಾಕ್ಕೊಂಡೇ ನಡೆದ್ಬಿಟ್ಟ. ಒಬ್ರು ಜಗುಲಿಯಿಂದ ಇಳಿದು ತಮ್ಮದನ್ನ ಬಿಚ್ಚಿ ಅಪ್ಪನ ಮುಖಕ್ಕೆ ಹಿಡಿದ್ರು. ಹೊಡೀಲಿಲ್ಲ ಪೆದ್ದಮ್ಮಾ. ಹಿಡಿದ್ರು ಅಷ್ಟೇ. ಅದೂ ಅಪ್ಪ ಹೊಲಿದಿದ್ದೇ. ನಾನು ಅಪ್ಪನ ಬೆರಳು ಹಿಡ್ಕೊಂಡು ನಿಂತಿದ್ದೆ."

"ಸಾರ್‌ಗೆ ಇದೆಲ್ಲ ಹೇಳಿದ್ಯಾ?"

"ಯಾಕೆ ಹೇಳ್ಬೇಕು? ಅವಳಿದ್ರೆ ನಾನಿರಲ್ಲ ಅಂತ ಹೇಳಿದ್ದೀನಿ. ಅಷ್ಟು ಸಾಕು."

ಸಾರ್‌ಗೆ ಸಾಕಾಗಿತ್ತು. ಲೈನ್ ಓಡಿಸೋ ಸೂಪರ್‌ವೈಸರ್ ಬಿಟ್ಟು ತರಬೇತಿ ಹುಡುಗೀನ ಯಾರು ಉಳಿಸ್ಕೋತಾರೆ? ತರಬೇತಿ ಮುಗೀತು, ಮನೆಗೆ ಹೋಗು ಅಂದ್ರೆ ಮುಗೀತು. ಮಾರನೇ ದಿನ ಅಮ್ಮನ್ನ ಕರ್ಕೊಂಡು ಬರೋಕೆ ಹೇಳಿ ಕಳಿಸಿದ್ರು.

ಆದ್ರೆ ನನ್ನ ತಲೇಲಿ ಒಂದು ಹುಳ ಕೊರೀತಿತ್ತು. ಸಾಯಂಕಾಲ ಬಸ್ಸಿಗೆ ಕಾಯ್ತಾ ಆ ಹುಡುಗಿ ನನ್ನ ಪಕ್ಕ ಕೂತಿದ್ಲು, ಅತ್ತು ಕಣ್ಣು ಊದಿತ್ತು. ಅವ್ಳ ಗಲ್ಲ ಹಿಡಿದು ನನ್ನ ಕಡೆ ತಿರುಗಿಸಿ, ಸದ್ದಿಲ್ದೆ ತುಟಿ ಮಾತ್ರ ಆಡಿಸ್ದೆ. ಚೆಪ್ಪು. ಹುಡುಗಿ ನನ್ನ ನೋಡಿದ್ಲು, ಬಗ್ಗಿದ್ಲು, ಕಾಲಿಂದ ಚಪ್ಪಲಿ ಬಿಚ್ಚಿ ನನ್ನ ಕೈಗೆ ಕೊಟ್ಲು. ಬೇಕಾ, ತಗೋ, ಅನ್ನೋ ಹಾಗೆ.

ಆ ಚಪ್ಪಲಿ ಕೈಲಿಟ್ಕೊಂಡು ಎಷ್ಟೋ ಹೊತ್ತು ಕೂತಿದ್ದೆ. ಅವಳಿಗೆ ಅದು ಚಪ್ಪಲಿ ಒಂದೇ. ಹೇಳು ಅನ್ನೋದು ಆ ತುಟೀಲಿ ಇದೆ ಅಂತಾನೇ ಗೊತ್ತಿಲ್ಲ. ಗೊತ್ತಿರೋದಾದ್ರೂ ಹೆಂಗೆ? ಮಾತು ಬಾರದೋಳಿಗೆ ಹೇಳು ಅಂತ ಯಾರು ಅಂತಾರೆ? ನಾವೆಲ್ಲ ಅವಳಿಗೆ ಮಾಡಿ ತೋರಿಸ್ತಿದ್ವಿ, ಎಳೆದು ಕೂರಿಸ್ತಿದ್ವಿ, ಬೆನ್ನು ತಟ್ತಿದ್ವಿ. ಅವಳಿಗೆ ಕಿವಿ ಕೇಳಲ್ಲ ಅಂತ ನಾವೂ ಅವಳನ್ನ ಏನೂ ಕೇಳ್ತಿರ್ಲಿಲ್ಲ.

ಮಾರನೇ ದಿನ ಮ್ಯಾನೇಜರ್ ರೂಮಲ್ಲಿ ಹುಡುಗಿ, ಅವಳಮ್ಮ, ಸೂಪರ್‌ವೈಸರಮ್ಮ ಮೂವರೂ ಇದ್ರು. ನನ್ನ ಯಾರೂ ಕರೆದಿರ್ಲಿಲ್ಲ. ಕಲಿಸಿದ್ದು ನಾನು ಅಂತ ಹೇಳ್ಕೊಂಡು ಒಳಗೆ ನುಗ್ಗಿ ಕುರ್ಚಿ ಎಳ್ಕೊಂಡೆ. ವಯಸ್ಸಾದ್ಮೇಲೆ ಇದೊಂದು ಅನುಕೂಲ.

"ಸಾರ್, ನಾನೂ ಹೀಗೆ ಮಾಡಿದ್ದೆ" ಅಂದೆ.

"ನೀವು ಯಾರಿಗೆ ಚಪ್ಪಲಿ ತೋರಿಸಿದ್ರಿ ಪೆದ್ದಮ್ಮಾ?"

"ನಮ್ಮತ್ತೆಗೆ."

ಹೇಳ್ದೆ. ಮದುವೆಯಾಗಿ ಬಂದ ಹೊಸದು, ತೆಲುಗು ಒಂದಕ್ಷರ ಬರ್ತಿರ್ಲಿಲ್ಲ. ನಡುಮನೆ ತುಂಬ ನೆಂಟರು ಕೂತಿದ್ರು. ಅತ್ತೆ ಪ್ರೀತಿಯಿಂದ "ನೀ ಪೇರು ಚೆಪ್ಪು" ಅಂದ್ರು, ನಿನ್ನ ಹೆಸರು ಹೇಳು ಅಂತ. ನನಗೆ ಕೇಳಿಸಿದ್ದು ಕೊನೇ ಮಾತೊಂದೇ, ಅದು ನಮ್ಮ ಚಪ್ಪಲಿ ತರಾನೇ ಇತ್ತು. ಒಳ್ಳೇ ಸೊಸೆ ಹಾಗೆ ಎದ್ದು ಹೋಗಿ, ಬಾಗಿಲಲ್ಲಿದ್ದ ಮಾವನ ಚಪ್ಪಲಿ ಎರಡೂ ಕೈಲಿ ತಂದು ನೆಂಟರ ನಡುವೆ ಇಟ್ಟೆ. "ಈ ಹುಡುಗಿಗೂ ಅದೇ ಆಗಿದ್ದು ಸಾರ್. ಯಾರೂ ಹೇಳ್ಕೊಟ್ಟಿಲ್ಲ. ಬೇಕಾದ್ರೆ ನೀವೇ ಕೇಳಿ ನೋಡಿ."

ಸಾರ್ ಹೊಟ್ಟೆ ಹಿಡ್ಕೊಂಡು ನಕ್ರು. ಹುಡುಗಿ ಅಮ್ಮಾನೂ ನಗು ಬಂದು ಸೆರಗು ಬಾಯಿಗಿಟ್ಕೊಂಡ್ಲು.

"ನಿಮ್ಮತ್ತೆ ಮನೇಲೂ ಹೀಗೇ ನಕ್ಕಿರ್ತಾರೆ" ಅಂದ್ಲು ಸೂಪರ್‌ವೈಸರಮ್ಮ. ಅವ್ಳು ನಕ್ಕಿರ್ಲಿಲ್ಲ. "ನಿಮಗೆ ನಗೋ ವಿಷಯ ಪೆದ್ದಮ್ಮಾ. ಹೇಳ್ಕೊಂಡು ನಗಬಹುದು. ನನಗೆ ಹಾಗಲ್ಲ."

ಸಾರ್ ನಗು ನಿಲ್ತು. ನನ್ನದೂ.

ಅವ್ಳು ಕುರ್ಚಿ ತಿರುಗಿಸಿ ಹುಡುಗಿ ಎದುರಿಗೆ ಕೂತ್ಲು. ಮೊಣಕಾಲಿಗೆ ಮೊಣಕಾಲು ತಾಗೋ ಅಷ್ಟು ಹತ್ರ. ನಿಧಾನಕ್ಕೆ ತುಟಿ ಆಡಿಸಿದ್ಲು. "ಚೆಪ್ಪು."

ಹುಡುಗಿಗೆ ಈಗ ಒಂದು ಗೊತ್ತಾಗಿತ್ತು, ಚಪ್ಪಲಿ ಎತ್ತಿದ್ರೆ ಏನೋ ಕೆಟ್ಟದಾಗುತ್ತೆ ಅಂತ. ಎತ್ತಲಿಲ್ಲ. ಬಗ್ಗಿ ಕಾಲಲ್ಲಿದ್ದಿದ್ದನ್ನ ಮೆಲ್ಲಗೆ ಬಿಚ್ಚಿದ್ಲು. ಎರಡನ್ನೂ ಒಂದೇ ಕೈಲಿ ಹಿಡಿದು, ಬೆನ್ನ ಹಿಂದೆ ಮರೆ ಮಾಡಿ, ತಲೆ ತಗ್ಗಿಸಿ ನಿಂತ್ಲು.

ಆ ರೂಮಲ್ಲಿ ಯಾರಿಗೂ ಏನೂ ಅರ್ಥ ಆಗ್ಲಿಲ್ಲ, ನನಗೂ ಆ ಸೂಪರ್‌ವೈಸರಮ್ಮನಿಗೂ ಬಿಟ್ಟು. ಅವ್ಳು ಆ ಬರಿಗಾಲನ್ನೇ ನೋಡಿದ್ಲು. ಆಮೇಲೆ ಆ ಅಮ್ಮನ ಕಡೆ ತಿರುಗಿ, "ಹಾಕ್ಕೊಳ್ಳೋಕೆ ಹೇಳಮ್ಮಾ. ನನ್ನ ಮುಂದೆ ಯಾರೂ ಚಪ್ಪಲಿ ಬಿಚ್ಚಿ ನಿಲ್ಲೋದು ಬೇಡ" ಅಂದ್ಲು.

ಅಮ್ಮ ಹುಡುಗಿ ಕೈಯಿಂದ ತಗೊಂಡು ಕಾಲ ಹತ್ರ ಇಟ್ಲು. ಹುಡುಗಿ ಹಾಕ್ಕೊಂಡು ಕೂತ್ಲು.

"ಹೇಳು ಅನ್ನೋದಕ್ಕೆ ಮನೇಲಿ ಇವಳಿಗೆ ಏನು ಸನ್ನೆ ಮಾಡ್ತೀಯಮ್ಮಾ?"

ಆ ತಾಯಿ ಮುಖ ಸಣ್ಣದಾಯ್ತು. "ನಾವು ಕೇಳ್ತಿರ್ಲಿಲ್ಲ ಮೇಡಮ್. ಏನು ಬೇಕೋ ನಾವೇ ತಿಳ್ಕೊಂಡು ಕೊಡ್ತಿದ್ವಿ."

ಸೂಪರ್‌ವೈಸರಮ್ಮ ಮೇಜಿನ ಮೇಲೆ ಕವರಲ್ಲಿ ಹಾಕಿಟ್ಟಿದ್ದ ಮುರಿದ ಸೂಜಿ ತೆಗೆದು ಹುಡುಗಿ ಮುಂದೆ ಇಟ್ಲು. ಎರಡೂ ಅಂಗೈ ಬಿಡಿಸಿದ್ಲು. ಹುಬ್ಬು ಎತ್ತಿದ್ಲು. ಆಮೇಲೆ ಕಾಯ್ತಾ ಕೂತ್ಲು. ಸಾರ್ ಗಡಿಯಾರ ನೋಡಿದ್ರು, ಅವ್ಳು ನೋಡ್ಲಿಲ್ಲ.

ಹುಡುಗಿ ಸೂಜಿ ನೋಡಿದ್ಲು, ಅವ್ಳ ಅಂಗೈ ನೋಡಿದ್ಲು. ಒಂದ್ಸಲ ನನ್ನ ಕಡೆ ನೋಡಿದ್ಲು. ನಾನು ಕಣ್ಣಲ್ಲೇ ಹೂಂ ಅಂದೆ. ಎದ್ಲು. ಸೂಪರ್‌ವೈಸರಮ್ಮನ್ನ ಬಳಸ್ಕೊಂಡು ಅವ್ಳ ಹಿಂದೆ ಹೋಗಿ ನಿಂತು, ಬೆನ್ನಿಗೆ ಪಟ್ ಅಂತ ಒಂದು ಏಟು ಹಾಕಿದ್ಲು.

"ಅಮ್ಮಾ!" ಅಂತ ಸೂಪರ್‌ವೈಸರಮ್ಮ ಕುರ್ಚಿಯಿಂದ ಹಾರಿ ಬಿದ್ಲು.

ಸಾರ್ ಎದ್ದು ನಿಂತ್ರು. ಆ ತಾಯಿ "ಅಯ್ಯೋ ದೇವ್ರೇ, ತಪ್ಪಾಯ್ತು ಮೇಡಮ್" ಅಂತ ಕೈ ಮುಗಿದ್ಲು. ಹುಡುಗಿ ಮಾತ್ರ ಶಾಂತವಾಗಿ ಮುಂದೆ ಬಂದು, ಮೇಜಿನ ಮೇಲಿನ ಸೂಜಿಗೆ ಬೆರಳು ತೋರಿಸಿದ್ಲು. ಆಮೇಲೆ ಸೂಪರ್‌ವೈಸರಮ್ಮನಿಗೆ. ಮತ್ತೆ ಸೂಜಿಗೆ.

"ನಾನಾ?" ಅಂದ್ಲು ಅವ್ಳು, ತನ್ನ ಎದೆ ಮುಟ್ಕೊಂಡು.

ಹುಡುಗಿ ತಲೆ ಆಡಿಸಿದ್ಲು. ನೀನೇ.

ನಿಜ ಅದು. ಹುಡುಗೀನ ಕರೀಬೇಕಾದ್ರೆ ನಾವೆಲ್ಲ ಹಿಂದಿನಿಂದ ಬೆನ್ನು ತಟ್ತಿದ್ವಿ, ಅವತ್ತು ತಟ್ಟಿದೋಳು ಸೂಪರ್‌ವೈಸರಮ್ಮ. ಹೆಜ್ಜೆ ಸದ್ದು ಕೇಳೋರಿಗೆ ಯಾರೋ ಬರ್ತಿದ್ದಾರೆ ಅಂತ ಗೊತ್ತಾಗುತ್ತೆ. ಅವಳಿಗೆ ಪ್ರತೀ ಸಲ ಸಿಡಿಲೇ. ಓಡೋ ಮೆಷಿನ್ನಲ್ಲಿ ಕೈ ಬೆಚ್ಚಿದ್ರೆ ಸೂಜಿ ಉಳಿಯುತ್ತಾ? ಬೆರಳು ಉಳಿದಿದ್ದೇ ಹೆಚ್ಚು. ಹುಟ್ಟಿದಾಗಿಂದ ಅವಳಿಗೆ ಯಾರೋ ಹೇಳು ಅಂದಿದ್ದು ಅದೇ ಮೊದಲು, ಅವ್ಳು ಹೇಳಿದ್ದು ಕೇಳಿದೋಳ ಮೇಲೇ ದೂರು.

ಎದುರಿಗೆ ಮ್ಯಾನೇಜರು, ಅವ್ರ ಮುಂದೆ ತರಬೇತಿ ಹುಡುಗಿ ಸೂಪರ್‌ವೈಸರ್ ತಪ್ಪು ಎತ್ತಿ ಆಡಿದ್ದಾಳೆ. ಇನ್ನು ಇವಳನ್ನ ಯಾರೂ ಉಳಿಸೋಕಾಗಲ್ಲ ಅನ್ಕೊಂಡೆ. ಸಾರ್ ಮೆತ್ತಗೆ, "ಬೇರೆ ರೂಮಲ್ಲಿ ಹಾಕೋಣ ಬಿಡಿ ಮೇಡಮ್. ಚಪ್ಪಲಿ ಡಬ್ಬಿಗೆ ಪೇಪರ್ ತುಂಬೋ ಕೆಲಸ. ಒಬ್ಳೇ ಇರ್ತಾಳೆ, ಯಾರ ತಂಟೇನೂ ಇರಲ್ಲ. ಅವಳಿಗೂ ಸೇಫು" ಅಂದ್ರು.

ಅವಳಮ್ಮ "ಯಾವ ರೂಮಾದ್ರೂ ಸರಿ ಸಾರ್" ಅಂತ ಇನ್ನೊಂದ್ಸಲ ಕೈ ಮುಗಿದ್ಲು.

ಸೂಪರ್‌ವೈಸರಮ್ಮ ಬೆನ್ನು ಉಜ್ಜಿಕೊಳ್ತಾ ಇದ್ಲು. "ಒಬ್ಳನ್ನೇ ಬೇರೆ ಕೂರ್ಸೋದು ಯಾರಿಗೆ ಸೇಫು ಅಂತ ನನಗೆ ಗೊತ್ತು ಸಾರ್" ಅಂದ್ಲು. "ನನ್ನ ಲೈನಿಗೇ ಬರ್ಲಿ. ಅವ್ಳ ಮೆಷಿನ್ ತಿರುಗಿಸಿ ಹಾಕ್ಸಿ. ಬರೋರ ಮುಖ ಕಾಣಬೇಕು ಅವಳಿಗೆ."

"ಲೈನ್ ಅಂದ್ರೆ ಎಲ್ಲಾ ಒಂದೇ ಕಡೆ ಇರ್ಬೇಕಲ್ರೀ. ಒಂದು ಮೆಷಿನ್ ಉಲ್ಟಾ ಇದ್ರೆ ನೋಡಿದೋರಿಗೆ ಹೆಂಗಿರುತ್ತೆ?"

"ಉಲ್ಟಾ ಇರುತ್ತೆ" ಅಂದ್ಲು.

ಹಾಗೇ ಆಯ್ತು. ಎಲ್ರೂ ಗೋಡೆ ಕಡೆ ಮುಖ ಮಾಡಿ ಕೂತ್ರೆ, ಮೊದಲ್ನೇ ಮೆಷಿನ್ನಲ್ಲಿ ಆ ಹುಡುಗಿ ಒಬ್ಳು ನಮ್ಮ ಕಡೆ ಮುಖ ಮಾಡಿ ಕೂತ್ಲು. ತರಬೇತಿ ಮುಗಿದು ಪರ್ಮನೆಂಟೂ ಆದ್ಲು. ಇಬ್ರೂ ಏನು ಗೆಳತೀರಾಗ್ಲಿಲ್ಲ. ಆ ಚಪ್ಪಲಿ ವಿಷಯ ತಮಾಷೆಗೆ ಎತ್ತಿದ್ರೆ ಸೂಪರ್‌ವೈಸರಮ್ಮ ಈಗಲೂ ಎದ್ದು ಹೋಗ್ತಾಳಂತೆ. ನಾನೂ ಅತ್ತೆ ಕತೆ ಆಮೇಲೆ ಅವ್ಳ ಮುಂದೆ ಹೇಳ್ಲಿಲ್ಲ.

ಒಂದು ಮಾತ್ರ ಯಾರೂ ಯೋಚನೆ ಮಾಡಿರ್ಲಿಲ್ಲ. ಆ ಹುಡುಗಿಗೆ ಈಗ ನಮ್ಮೆಲ್ಲರ ಬಾಯೂ ಕಾಣ್ತಿತ್ತು. ಹೊಲೀತಾ ಹೊಲೀತಾ ತಲೆ ಎತ್ತಿದ್ರೆ ಸಾಲು ಸಾಲು ತುಟಿ. ದಿನಾ ನೋಡಿ ನೋಡಿ ಹೊಸ ಹೊಸ ಮಾತು ಹಿಡಿಯೋಕೆ ಶುರು ಮಾಡಿದ್ಲು. ಒಂದು ಮಧ್ಯಾಹ್ನ ಸೂಪರ್‌ವೈಸರಮ್ಮ ಆ ಕಡೆ ತಿರುಗಿದಾಗ ಒಬ್ಳು ಎಂದಿನ ಹಾಗೆ ಅವ್ಳ ಜಾತಿ ಹೆಸರು ಪಿಸುಗುಟ್ಟಿದ್ಲು. ಹುಡುಗಿ ಪೆಡಲಿಂದ ಕಾಲು ತೆಗೆದ್ಲು. ಸೂಪರ್‌ವೈಸರಮ್ಮನ್ನ ಕೈಬೀಸಿ ಕರೆದು, ಆ ತುಟಿ ಹೇಗೆ ಆಡ್ತೋ ಹಾಗೇ ತಾನೂ ಆಡಿಸಿ, ಎರಡೂ ಅಂಗೈ ಬಿಡಿಸಿ ಹುಬ್ಬು ಎತ್ತಿದ್ಲು. ಹಂಗಂದ್ರೇನು?

ಸೂಪರ್‌ವೈಸರಮ್ಮ ಅವ್ಳ ಮುಂದೆ ಬಂದು ನಿಂತ್ಲು. ಆಮೇಲೆ ತನ್ನ ಎದೆ ಮೇಲೆ ಕೈ ಇಟ್ಟು ತೋರಿಸಿದ್ಲು. ನಾನು ಅಂತ. ನಮ್ಮ ಕಡೆ ತಿರುಗಿ ನೋಡ್ಲೂ ಇಲ್ಲ, ಮುಂದೆ ಹೋದ್ಲು.

ಅವತ್ತಿಂದ ಲೈನಲ್ಲಿ ಆ ಪಿಸುಮಾತು ನಿಂತ್ಹೋಯ್ತು ಅಂತ ಬರೆದ್ರೆ ಸುಳ್ಳಾಗುತ್ತೆ. ಬಾಯಿಗೆ ಕೈ ಅಡ್ಡ ಇಟ್ಕೊಂಡು ಆಡೋಕೆ ಶುರು ಮಾಡಿದ್ರು. ಆದ್ರೆ ಹೊಲಿಯೋಕೆ ಎರಡೂ ಕೈ ಬೇಕಲ್ಲ, ಅದಕ್ಕೇ ದಿನದ ಹೆಚ್ಚು ಹೊತ್ತು ಸುಮ್ನಿರ್ತಿದ್ರು.